ಮಲಯ್ ಭಾಷೆಯ ಲಿಪಿ ಆರಿಸಿದವರು ಯಾರು?

ಮಲೇಷ್ಯಾದ ರಾಷ್ಟ್ರಲಾಂಛನದಲ್ಲಿ ನಡುವೆ ಗುರಾಣಿ, ಅದರ ಎರಡೂ ಬದಿಗೆ ಹುಲಿ, ಅಡಿಯಲ್ಲೊಂದು ಪಟ್ಟಿ. ಆ ಪಟ್ಟಿಯ ಮೇಲೆ ಒಂದೇ ಧ್ಯೇಯವಾಕ್ಯವನ್ನು ಎರಡು ಸಲ ಬರೆದಿದ್ದಾರೆ. ಒಗ್ಗಟ್ಟಿನಲ್ಲಿ ಬಲವಿದೆ ಎಂಬರ್ಥದ ಮಾತು. ಭಾಷೆ ಎರಡು ಕಡೆಯೂ ಮಲಯ್. ಒಂದು ಬದಿಯಲ್ಲಿ ರೋಮನ್ ಅಕ್ಷರ, ಇನ್ನೊಂದು ಬದಿಯಲ್ಲಿ ಬಲದಿಂದ ಎಡಕ್ಕೆ ಓಡುವ ಅರಬ್ಬಿ ಮೂಲದ ಅಕ್ಷರ. ಮೊದಲನೆಯದಕ್ಕೆ ಅಲ್ಲಿ ರೂಮಿ ಎಂದು ಹೆಸರು, ಎರಡನೆಯದಕ್ಕೆ ಜಾವಿ. ಒಗ್ಗಟ್ಟಿನ ಮಾತು ಹೇಳುವುದಕ್ಕೂ ಎರಡು ಲಿಪಿ ಬೇಕಾಯಿತಲ್ಲ ಎಂದು ನಗಬಹುದು. ಆದರೆ ಆ ಭಾಷೆಯ ಹಿಂದಣ ಕತೆ ನೋಡಿದರೆ ಎರಡೆಂಬುದು ಕಡಿಮೆಯೇ. ಇವೆರಡೂ ನೆಲೆಯೂರುವ ಮುಂಚೆ ಮಲಯ್ ಏಳು ನೂರು ವರ್ಷ ನಮ್ಮ ಲಿಪಿಯ ದಾಯಾದಿಗಳಲ್ಲಿ ಬರೆಸಿಕೊಂಡಿತ್ತು.

ಮಲಯ್ ಇಂದು ಮಲೇಷ್ಯಾ, ಬ್ರೂನೈ, ಸಿಂಗಪುರಗಳ ರಾಷ್ಟ್ರಭಾಷೆ. ಇಂಡೊನೇಷ್ಯಾದ ಬಹಾಸ ಇಂಡೊನೇಷ್ಯಾ ಅದರದೇ ಕವಲು. ದಕ್ಷಿಣ ಥಾಯ್ಲೆಂಡಿನ ಪಟ್ಟಾನಿ ಸೀಮೆಯ ಮನೆಮಾತೂ ಅದೇ. ದ್ವೀಪದಿಂದ ದ್ವೀಪಕ್ಕೆ ತಿರುಗುವ ವ್ಯಾಪಾರಿಗಳ ನಡುವಿನ ಮಾತಾಗಿ ಬೆಳೆದ ಈ ಭಾಷೆ, ಬಂದರಿಗೆ ಬಂದವರ ಲಿಪಿಯನ್ನೂ ಸರಕಿನ ಜೊತೆಗೇ ಇಳಿಸಿಕೊಂಡಿತು. ಯಾವ ಭಾಷೆಗೆ ಯಾವ ಲಿಪಿ ಸರಿ ಎಂಬ ಜಗಳ ನಮಗೆ ಹೊಸದೇನಲ್ಲ, ಕೊಂಕಣಿಯವರನ್ನು ಕೇಳಿದರೆ ಗಂಟೆಗಟ್ಟಲೆ ಹೇಳುತ್ತಾರೆ. ಆ ಜಗಳದಲ್ಲಿ ಎಲ್ಲ ಪಕ್ಷದವರೂ ಹೂಡುವ ವಾದ ಒಂದೇ: ನಮ್ಮ ಉಚ್ಚಾರಕ್ಕೆ ಒಗ್ಗುವುದು ಈ ಲಿಪಿಯೇ. ಮಲಯ್ ಬರಹದ ಸಾವಿರದ ಮುನ್ನೂರು ವರ್ಷಗಳನ್ನು ನೋಡಿದ ಮೇಲೆ ನನಗಂತೂ ಈ ವಾದದಲ್ಲಿ ನಂಬಿಕೆ ಉಳಿದಿಲ್ಲ. ಅಲ್ಲಿ ಚೆನ್ನಾಗಿ ಒಗ್ಗಿದ ಲಿಪಿ ಹೋಯಿತು, ಅಷ್ಟಾಗಿ ಒಗ್ಗದ ಲಿಪಿ ಆರು ನೂರು ವರ್ಷ ಬಾಳಿತು. ಅಕ್ಷರಾಭ್ಯಾಸ ಮಾಡಿಸಿದವರು ಯಾರು, ಪುಸ್ತಕ ಅಚ್ಚು ಹಾಕಿಸಿದವರು ಯಾರು, ಯಾವ ಲಿಪಿ ಬಲ್ಲವನಿಗೆ ಸಂಬಳ ಸಿಕ್ಕಿತು ಎಂಬುದೇ ಪ್ರತಿ ಸಲವೂ ತೀರ್ಮಾನ ಮಾಡಿತು.

ಮೊದಲ ಪುರಾವೆ ಒಂದು ಗುಂಡುಗಲ್ಲು. ಸುಮಾತ್ರಾದ ಪಾಲೆಂಬಾಂಗ್ ಪಕ್ಕದಲ್ಲಿ, ಮೂಸಿ ನದಿಗೆ ಸೇರುವ ಹೊಳೆಯೊಂದರ ದಡದಲ್ಲಿ ಕೆದುಕಾನ್ ಬುಕಿತ್ ಎಂಬ ಹಳ್ಳಿಯಿದೆ. ಅಲ್ಲಿನ ಒಂದು ಮನೆಯವರು ಈ ಕಲ್ಲನ್ನು ಬಹುಕಾಲದಿಂದ ಜೋಪಾನ ಮಾಡಿಕೊಂಡು ಬಂದಿದ್ದರು. ದೋಣಿ ಪಂದ್ಯದ ಮುಂಚೆ ಅದರ ಕೃಪೆ ಇದ್ದರೆ ಗೆಲುವು ಗ್ಯಾರಂಟಿ ಎಂಬ ನಂಬಿಕೆ. 1920ರ ನವೆಂಬರಿನಲ್ಲಿ ಬಾಟೆನ್‌ಬರ್ಗ್ ಎಂಬ ಡಚ್ಚನ ಕಣ್ಣಿಗೆ ಅದರ ಮೇಲಿನ ಬರಹ ಬಿತ್ತು. ಓದಿದಾಗ ಸಿಕ್ಕಿದ್ದು ಶಕವರ್ಷ 605ರ, ಅಂದರೆ ಕ್ರಿ.ಶ. 683ರ ದಾಖಲೆ. ವೈಶಾಖ ಮಾಸ, ಶುಕ್ಲಪಕ್ಷ, ಏಕಾದಶಿ ಎಂದು ನಮ್ಮ ಪಂಚಾಂಗದ ಲೆಕ್ಕದಲ್ಲೇ ಶುರುವಾಗುವ ಹತ್ತು ಸಾಲು. ದಾಪುಂತ ಹ್ಯಾಂಗ್ ಎಂಬ ಒಡೆಯ ದೋಣಿ ಹತ್ತಿ ಸಿದ್ಧಯಾತ್ರೆಗೆ ಹೊರಟ, ಇಪ್ಪತ್ತು ಸಾವಿರ ದಂಡು ಕಟ್ಟಿದ, ಅದರಲ್ಲಿ 1312 ಮಂದಿ ಕಾಲ್ನಡಿಗೆಯಲ್ಲಿ ಬಂದರು ಎಂದೆಲ್ಲ ಅದರಲ್ಲಿದೆ. ಕೊನೆಗೆ ಶ್ರೀವಿಜಯ ಎಂಬ ಹೆಸರು. ಕಡಲ ವ್ಯಾಪಾರವನ್ನು ಶತಮಾನಗಟ್ಟಲೆ ಅಂಕೆಯಲ್ಲಿಟ್ಟುಕೊಂಡ ರಾಜ್ಯದ ಹುಟ್ಟಿಗೆ ಈ ಕಲ್ಲು ಸಾಕ್ಷಿ.

ಲಿಪಿ ಪಲ್ಲವ. ಅದೇ ಹೊತ್ತಿಗೆ ಬಾದಾಮಿಯಲ್ಲಿ ಚಾಲುಕ್ಯ ವಿನಯಾದಿತ್ಯ ಆಳುತ್ತಿದ್ದ. ಪಲ್ಲವರ ಲಿಪಿಯೂ ಕದಂಬ-ಚಾಲುಕ್ಯರ ಲಿಪಿಯೂ ದಕ್ಷಿಣದ ಬ್ರಾಹ್ಮಿಯಿಂದ ಒಡೆದು ಬಂದವು, ಆ ಕಾಲಕ್ಕೆ ಇನ್ನೂ ಮುಖಚಹರೆ ಹೋಲುವಷ್ಟು ಹತ್ತಿರದವು. ಬಾದಾಮಿಯ ಶಾಸನ ಓದಿ ಪಳಗಿದವರಿಗೆ ಸುಮಾತ್ರಾದ ಈ ಕಲ್ಲಿನಲ್ಲಿ ಬಹಳಷ್ಟು ಅಕ್ಷರದ ಗುರುತು ಸಿಗುತ್ತದೆ, ಅರ್ಥ ಮಾತ್ರ ಸಿಗುವುದಿಲ್ಲ. ಇನ್ನೊಂದು ಸಂಗತಿಯನ್ನು ಇಲ್ಲೇ ಹೇಳಿಬಿಡುತ್ತೇನೆ. 605 ಎಂಬ ವರ್ಷವನ್ನು ಈ ಕಲ್ಲಿನಲ್ಲಿ ಅಂಕಿಯಲ್ಲಿ ಕೊರೆದಿದ್ದಾರೆ, ನಡುವೆ ಸೊನ್ನೆಯೂ ಇದೆ. ಸ್ಥಾನಬೆಲೆಯ ಸೊನ್ನೆಯನ್ನು ಕಲ್ಲಿನಲ್ಲಿ ಕೊರೆದ, ಕಾಲ ಗೊತ್ತಿರುವ ಅತಿ ಹಳೆಯ ಬರಹಗಳಲ್ಲಿ ಇದೂ ಒಂದು. ಅದೇ ಶಕವರ್ಷದ ಮತ್ತೊಂದು ಕಾಂಬೋಡಿಯದಲ್ಲಿದೆ. ಸೊನ್ನೆ ನಮ್ಮದು ಎಂದು ಎದೆ ತಟ್ಟಿಕೊಳ್ಳುವಾಗ ಅದಕ್ಕೆ ಹಳೆಯ ಸಾಕ್ಷಿ ಹೇಳುತ್ತಿರುವುದು ಆಗ್ನೇಯ ಏಷ್ಯಾದ ಕಲ್ಲುಗಳು ಎಂಬುದೂ ನೆನಪಿರಲಿ.

684ರ ತಲಾಂಗ್ ತುವೊ, 686ರ ಕೊತಾ ಕಪೂರ್ ಶಾಸನಗಳು ಇದೇ ಸಾಲಿನವು. ನನ್ನ ಮೆಚ್ಚಿನದು ತೆಲಗಾ ಬಾತುವಿನ ಕಲ್ಲು. ಅದರ ನೆತ್ತಿಯಲ್ಲಿ ಏಳು ಹೆಡೆಯ ನಾಗರ, ಅಡಿಯಲ್ಲಿ ನೀರು ಹರಿದು ಬೀಳಲು ಒಂದು ಮೂತಿ. ನಡುವಿನ ಬರಹ ತುಂಬ ಶಾಪ. ರಾಜದ್ರೋಹ ಬಗೆದರೆ ರಾಜಕುಮಾರನಿಂದ ಹಿಡಿದು ಅಗಸನವರೆಗೆ ಯಾರಾದರೂ ಸರಿ, ಸಾಯುತ್ತೀರಿ ಎಂಬ ಎಚ್ಚರಿಕೆ. ನಿಷ್ಠೆಯ ಪ್ರಮಾಣ ಮಾಡುವಾಗ ಹೆಡೆಯ ಮೇಲಿಂದ ನೀರು ಹೊಯ್ದು, ಅಕ್ಷರಗಳನ್ನು ತೊಳೆದುಕೊಂಡು ಇಳಿದ ಆ ನೀರನ್ನು ಕುಡಿಸುತ್ತಿದ್ದರು ಎಂದು ವಿದ್ವಾಂಸರು ಊಹಿಸುತ್ತಾರೆ. ಅಲ್ಲಿಗೆ ಬರಹ ಓದುವ ವಸ್ತುವಷ್ಟೇ ಆಗಿರಲಿಲ್ಲ, ಕುಡಿಯುವ ವಸ್ತುವೂ ಆಗಿತ್ತು. ಗಮನಿಸಬೇಕಾದ್ದು, ಇಂಥ ಶಾಸನಗಳು ಸಂಸ್ಕೃತದಲ್ಲಿಲ್ಲ, ಮಲಯ್‌ನಲ್ಲಿವೆ. ಶಾಪ ತಟ್ಟಬೇಕಾದವರಿಗೆ ಅದು ಅರ್ಥವಾಗಬೇಕಲ್ಲ!

ಪಲ್ಲವ ಲಿಪಿ ದ್ವೀಪಗಳಲ್ಲೇ ಬೆಳೆದು, ದುಂಡಾಗಿ, ಕವಿ ಎಂಬ ಹೆಸರಿನ ಲಿಪಿಯಾಯಿತು. ಹೆಸರು ಸಂಸ್ಕೃತದ ಕವಿಯೇ. ಅದು ಎಷ್ಟು ದೂರ ಹೋಗಿತ್ತೆಂದರೆ, ಫಿಲಿಪ್ಪೀನ್ಸಿನ ಲಗೂನ ಪ್ರಾಂತದಲ್ಲಿ ನದಿಯ ಮರಳು ತೆಗೆಯುವಾಗ ಸಿಕ್ಕಿದ ತಾಮ್ರಪಟದ ಮೇಲೂ ಕವಿ ಲಿಪಿಯ ಹಳೆಯ ಮಲಯ್ ಇದೆ. ಶಕವರ್ಷ 822, ಅಂದರೆ ಕ್ರಿ.ಶ. 900. ವಿಷಯ ತೀರ ಲೌಕಿಕ: ಒಬ್ಬನ ಚಿನ್ನದ ಸಾಲ ಚುಕ್ತಾ ಆಗಿದೆ, ಅವನ ಮಕ್ಕಳು ಮೊಮ್ಮಕ್ಕಳನ್ನು ಯಾರೂ ಕೇಳುವ ಹಾಗಿಲ್ಲ. ಇದನ್ನು ಓದಿ ಅರ್ಥ ಬಿಡಿಸಿದವರು ಡಚ್ ಮೂಲದ ವಿದ್ವಾಂಸ ಆಂಟೂನ್ ಪೋಸ್ಟ್ಮಾ. ಫಿಲಿಪ್ಪೀನ್ಸಿನ ಲಿಖಿತ ಇತಿಹಾಸ ಸ್ಪೇನಿನವರು ಬಂದ ಮೇಲೆ ಶುರುವಾಯಿತು ಎಂಬ ಮಾತನ್ನು ಒಂದು ಸಾಲಪತ್ರ ಸುಳ್ಳು ಮಾಡಿತು.

ಸುಮಾತ್ರಾದ ಒಳನಾಡಿನ ಬೆಟ್ಟಸೀಮೆಯಲ್ಲಿ ಈ ಲಿಪಿಯ ಮರಿಗಳು ತೀರ ಇತ್ತೀಚಿನವರೆಗೂ ಬದುಕಿದ್ದವು. ದಕ್ಷಿಣ ಸುಮಾತ್ರಾದ ಮಲಯ್ ಒಳನುಡಿಗಳನ್ನು ಬಿದಿರಿನ ಮೇಲೆ, ಕೋಣದ ಕೊಂಬಿನ ಮೇಲೆ, ಮರದ ತೊಗಟೆಯ ಮೇಲೆ ಕೊರೆಯುತ್ತಿದ್ದ ಸುರಾತ್ ಉಲು ಎಂಬ ಲಿಪಿ ಅಂಥದ್ದು. ವಿದ್ವಾಂಸರು ಈ ಬಳಗದ ಲಿಪಿಗಳಿಗೆ ಇಟ್ಟ ಇನ್ನೊಂದು ಹೆಸರು ಕೇಳಿದರೆ ಒಂದನೇ ತರಗತಿಯ ಕನ್ನಡದ ಮಗುವಿಗೂ ಸುಳಿವು ಹತ್ತುತ್ತದೆ: ಕ-ಗ-ಙ. ಅಕ್ಷರಮಾಲೆಯ ಮೊದಲ ಮೂರು ಅಕ್ಷರ. ನಂತರ ತ-ದ-ನ, ಪ-ಬ-ಮ, ಚ-ಜ-ಞ. ನಮ್ಮ ವರ್ಗಾಕ್ಷರಗಳೇ, ಮಹಾಪ್ರಾಣಗಳನ್ನು ಕಿತ್ತು ಹಾಕಿದ್ದಾರೆ ಅಷ್ಟೆ. ಮಲಯ್‌ನಲ್ಲಿ ಖ, ಘ, ಭಗಳ ಉಚ್ಚಾರವಿಲ್ಲ, ಆದ್ದರಿಂದ ಇಟ್ಟುಕೊಳ್ಳಲಿಲ್ಲ. ಕನ್ನಡಕ್ಕೆ ಮಹಾಪ್ರಾಣ ಬೇಕೇ ಬೇಡವೇ ಎಂದು ನಾವು ಇನ್ನೂ ಸಂಕಿರಣ ನಡೆಸುತ್ತಿದ್ದೇವೆ, ಸುಮಾತ್ರಾದ ಬೆಟ್ಟದವರು ಸದ್ದಿಲ್ಲದೆ ಮುಗಿಸಿಬಿಟ್ಟಿದ್ದರು. ಎಲ್ಲ ಬಗೆಯಲ್ಲೂ ಆ ಭಾಷೆಗೆ ಅಳತೆ ತೆಗೆದು ಹೊಲಿದ ಅಂಗಿಯಂಥ ಲಿಪಿ. ಹಾಗಿದ್ದೂ ಅದು ಉಳಿಯಲಿಲ್ಲ.

ಮಲಯ್‌ನ ಅತಿ ಹಳೆಯ ಹಸ್ತಪ್ರತಿ ಸಿಕ್ಕಿರುವುದೂ ಅಂಥ ಬೆಟ್ಟಸೀಮೆಯಲ್ಲೇ. ಕೆರಿಂಚಿ ಪ್ರದೇಶದ ತಂಜುಂಗ್ ತಾನಾ ಎಂಬ ಹಳ್ಳಿಯ ಮನೆತನವೊಂದು ಪೂರ್ವಿಕರ ಆಸ್ತಿಯೆಂದು ಕಾಪಾಡಿಕೊಂಡಿದ್ದ ಪುಟ್ಟ ಪುಸ್ತಕ ಅದು. ಹಿಪ್ಪುನೇರಳೆ ಜಾತಿಯ ಮರದ ತೊಗಟೆಯಿಂದ ಮಾಡಿದ ಕಾಗದ, ಅದರ ಮೇಲೆ ಭಾರತೀಯ ಮೂಲದ ಲಿಪಿ. ಕಳ್ಳತನಕ್ಕೆ, ಜೂಜಿಗೆ, ಹೊಡೆದಾಟಕ್ಕೆ ಎಷ್ಟೆಷ್ಟು ಚಿನ್ನ ದಂಡ ಎಂಬ ಕಾನೂನಿನ ಪಟ್ಟಿ. 2002ರಲ್ಲಿ ಜರ್ಮನ್ ವಿದ್ವಾಂಸ ಉಲಿ ಕೊಜೊಕ್ ಅದನ್ನು ನೋಡಿ, ಮುಂದೆ ಕಾರ್ಬನ್ ಪರೀಕ್ಷೆ ಮಾಡಿಸಿದಾಗ ಕಾಗದ ಹದಿನಾಲ್ಕನೇ ಶತಮಾನದ ಆಸುಪಾಸಿನದು ಎಂದು ತಿಳಿಯಿತು.

ಅಷ್ಟರಲ್ಲಿ ಕರಾವಳಿಯಲ್ಲಿ ಇಸ್ಲಾಂ ಬೇರೂರುತ್ತಿತ್ತು. ಧರ್ಮ ಬದಲಾದ ದಿನವೇ ಲಿಪಿ ಬದಲಾಯಿತು ಎಂದುಕೊಂಡರೆ ತಪ್ಪು. ಸುಮಾತ್ರಾದ ಆಚೆ ಎಂಬ ಪ್ರಾಂತದ ಮಿನ್ಯೆ ತುಜೊ ಎಂಬಲ್ಲಿ 1380ರ ಸುಮಾರಿನ ಮುಸ್ಲಿಂ ರಾಜಮನೆತನದ ಹೆಂಗಸೊಬ್ಬಳ ಗೋರಿಯಿದೆ. ಅದರ ಒಂದು ಕಲ್ಲಿನ ಮೇಲೆ ಅರಬ್ಬಿ, ಇನ್ನೊಂದರ ಮೇಲೆ ಮಲಯ್, ಮತ್ತು ಆ ಮಲಯ್ ಭಾರತೀಯ ಮೂಲದ ಲಿಪಿಯಲ್ಲಿದೆ. ಮಲೇಷ್ಯಾದ ನೆಗೆರಿ ಸೆಂಬಿಲಾನಿನ ಪೆಂಗ್ಕಾಲಾನ್ ಕೆಂಪಾಸ್‌ನಲ್ಲಿ 1467ರ ಸುಮಾರಿನ ಸ್ಮಾರಕವೊಂದಿದೆ. ಅಹ್ಮದ್ ಮಜ್ನುನ್ ಎಂಬಾತನ ನೆನಪಿಗೆ ನಿಲ್ಲಿಸಿದ ಅದೇ ಕಂಬದ ಮೇಲೆ ಜಾವಿಯೂ ಇದೆ, ಕವಿಯೂ ಇದೆ. ನೂರು ವರ್ಷಕ್ಕೂ ಮಿಕ್ಕಿ ಎರಡೂ ಒಟ್ಟಿಗೇ ಬದುಕಿದವು.

ಜಾವಿಯ ಅತಿ ಹಳೆಯ ದಾಖಲೆಯೆಂದರೆ ತೆರೆಂಗಾನು ಕಲ್ಲು. ಮಲಯ ಪರ್ಯಾಯದ್ವೀಪದ ಪೂರ್ವ ಕರಾವಳಿಯ ಕ್ವಾಲಾ ಬೆರಾಂಗ್‌ನಲ್ಲಿ ನೆರೆ ಇಳಿದ ಮೇಲೆ ಎದ್ದು ಕಂಡ ಕಲ್ಲು ಅದು. ಊರಿನವರು ತಂದು ನಮಾಜಿನ ಮನೆಯ ಮುಂದೆ ಹಾಕಿದರು, ಒಳಗೆ ಹೋಗುವವರು ಅದರ ಮೇಲೆ ನಿಂತು ಕಾಲು ತೊಳೆಯುತ್ತಿದ್ದರು. 1902ರಲ್ಲಿ ವ್ಯಾಪಾರಿಯೊಬ್ಬ ಗುರುತಿಸಿದ ಮೇಲೆ ಅದರ ದೆಸೆ ತಿರುಗಿತು, 2009ರಲ್ಲಿ ಯುನೆಸ್ಕೋದ ವಿಶ್ವ ಸ್ಮೃತಿ ಪಟ್ಟಿಗೂ ಸೇರಿತು. ನಾಲ್ಕೂ ಮುಖದಲ್ಲಿ ಬರಹ: ಸಾಲ ಕೊಡುವುದು ತೀರಿಸುವುದು, ಹಾದರಕ್ಕೆ ಶಿಕ್ಷೆ, ಇಸ್ಲಾಮಿನ ಕಟ್ಟಳೆ. ಅಕ್ಷರ ಅರಬ್ಬಿಯದಾದರೂ ಅಲ್ಲಾನನ್ನು ಕರೆದಿರುವುದು 'ದೇವತಾ ಮುಲಿಯ ರಾಯ' ಎಂದು! ಹೊಸ ದೇವರಿಗೂ ಜನ ಬಲ್ಲ ಹೆಸರೇ ಬೇಕಾಯಿತು. ಹಿಜರಿ 702 ಎಂದು ಓದಿದರೆ ಕ್ರಿ.ಶ. 1303 ಆಗುತ್ತದೆ. ಆದರೆ ವರ್ಷದ ಕೊನೆಯಲ್ಲಿ 'ಎರಡು' ಎಂದು ಬಂದಲ್ಲಿಗೆ ಕಲ್ಲು ಮುರಿದಿದೆ. ಮಲಯ್‌ನಲ್ಲಿ ಇಪ್ಪತ್ತು ಎನ್ನಬೇಕಾದರೆ 'ಎರಡು ಹತ್ತು' ಎನ್ನಬೇಕು. ಹಾಗಾಗಿ ಮುರಿದ ತುಂಡಿನಲ್ಲಿ ಏನಿತ್ತೆಂಬ ವಾದ ನೂರು ವರ್ಷದಿಂದ ನಡೆದಿದೆ.

ಜಾವಿ ಹೇಗೆ ಕೆಲಸ ಮಾಡುತ್ತದೆಂದು ಸ್ವಲ್ಪ ಹತ್ತಿರದಿಂದ ನೋಡೋಣ. ಅರಬ್ಬಿಯಲ್ಲಿ ಚ, ಙ, ಪ, ಗ, ಞ ಇಲ್ಲ. ಮಲಯ್‌ಗೆ ಇವಿಲ್ಲದೆ ನಡೆಯುವುದಿಲ್ಲ, ಅದರಲ್ಲೂ ಙ ಪದ ಪದಕ್ಕೂ ಬರುತ್ತದೆ. ಅದಕ್ಕೆ ಅವರು ಮಾಡಿದ್ದು ಚುಕ್ಕಿಯ ಉಪಾಯ. ಅರಬ್ಬಿಯ 'ಐನ್' ಅಕ್ಷರದ ಮೇಲೆ ಮೂರು ಚುಕ್ಕಿ ಇಟ್ಟರೆ ಙ. 'ಕಾಫ್' ಮೇಲೆ ಒಂದು ಚುಕ್ಕಿ ಇಟ್ಟರೆ ಗ. 'ಫೆ' ಅಕ್ಷರದ ಒಂದು ಚುಕ್ಕಿಯನ್ನು ಮೂರು ಮಾಡಿದರೆ ಪ. ಉರ್ದು ಬಲ್ಲವರು ಇಲ್ಲಿ ಎಡವುತ್ತಾರೆ, ಏಕೆಂದರೆ ಪಾರಸಿ ಮತ್ತು ಉರ್ದುವಿನ ಪ ಹುಟ್ಟಿದ್ದು 'ಬೆ' ಅಕ್ಷರದ ಕೆಳಗೆ ಮೂರು ಚುಕ್ಕಿ ಇಟ್ಟು. ಚ ಮಾತ್ರ ಪಾರಸಿಯ ಹಾಗೆಯೇ ಇದೆ. ವ ಎಂಬ ಆರನೆಯ ಅಕ್ಷರ ಇಂಗ್ಲಿಷ್ ಪದಗಳಿಗಾಗಿ ಈಚೆಗೆ ಸೇರಿದ್ದು. ಇನ್ನು ಮಲಯ್‌ಗೆ ಬೇಡದ ಅರಬ್ಬಿ ಅಕ್ಷರಗಳು ಅರಬ್ಬಿಯಿಂದ ಬಂದ ಪದಗಳಿಗಾಗಿ ಹಾಗೇ ಕೂತಿವೆ. ಬೆಟ್ಟದವರು ಮಹಾಪ್ರಾಣ ಕಿತ್ತೆಸೆದ ಧೈರ್ಯವನ್ನು ಕರಾವಳಿಯವರು ತೋರಿಸಲಿಲ್ಲ, ಧರ್ಮಗ್ರಂಥದ ಲಿಪಿಯಲ್ಲಿ ಕೈಯಾಡಿಸುವುದು ಅಷ್ಟು ಸಲೀಸಲ್ಲ.

ತೊಂದರೆ ಇರುವುದು ಸ್ವರಗಳಲ್ಲಿ. ಅರಬ್ಬಿಯಲ್ಲಿ ಪದಗಳು ವ್ಯಂಜನಗಳ ಎಲುಬಿನ ಮೇಲೆ ನಿಲ್ಲುತ್ತವೆ, ಸ್ವರ ಬರೆಯದಿದ್ದರೂ ಓದುಗ ತುಂಬಿಕೊಳ್ಳುತ್ತಾನೆ. ಮಲಯ್ ಹಾಗಲ್ಲ, ಸ್ವರ ಬದಲಾದರೆ ಪದವೇ ಬೇರೆ. ಹಳೆಯ ಜಾವಿ ಕಾಗುಣಿತದಲ್ಲಿ ಕ-ಮ-ಬ-ಙ ಎಂಬ ನಾಲ್ಕು ಅಕ್ಷರ ಬರೆದಿದ್ದರೆ ಅದನ್ನು ಕಂಬಿಂಗ್ ಎಂದು ಓದಿ ಮೇಕೆ ಎನ್ನಬಹುದು, ಕುಂಬಾಂಗ್ ಎಂದು ಓದಿ ದುಂಬಿ ಎನ್ನಬಹುದು, ಕೆಂಬಾಂಗ್ ಎಂದರೆ ಅರಳುವುದು, ಕೆಂಬುಂಗ್ ಎಂದರೆ ಹೊಟ್ಟೆ ಉಬ್ಬರಿಸುವುದು. ಹೂವಿನ ಸುತ್ತ ಸುಳಿದಾಡಿದ್ದು ದುಂಬಿಯೋ ಮೇಕೆಯೋ ಎಂಬುದನ್ನು ಸಂದರ್ಭ ನೋಡಿ ಓದುಗನೇ ತೀರ್ಮಾನಿಸಬೇಕು. ಸ್ವರಚಿಹ್ನೆಯಿಲ್ಲದ ಈ ಬರಹಕ್ಕೆ ಇಂಡೊನೇಷ್ಯಾದಲ್ಲಿ 'ಬೋಳು ಅರಬ್ಬಿ' ಎಂದೇ ಅಡ್ಡಹೆಸರು. ಹಾಗೆಂದು ಅದರಲ್ಲಿ ಜಾಣತನ ಇಲ್ಲವೆಂದಲ್ಲ. ಮಲಯ್‌ನಲ್ಲಿ ದ್ವಿರುಕ್ತಿ ಹೆಜ್ಜೆಹೆಜ್ಜೆಗೂ ಬರುತ್ತದೆ: ರುಮಾ ಎಂದರೆ ಮನೆ, ರುಮಾ-ರುಮಾ ಎಂದರೆ ಮನೆಗಳು. ಎರಡು ಸಲ ಬರೆಯುವ ಬದಲು ಪದದ ಬೆನ್ನಿಗೆ ಅರಬ್ಬಿಯ 2 ಅಂಕಿ ಹಾಕಿಬಿಡುತ್ತಿದ್ದರು. ಈ ರೂಢಿ ರೋಮನ್ ಲಿಪಿಗೂ ದಾಟಿತು. 1972ರಲ್ಲಿ ನಿಯಮ ಮಾಡಿ ಕೈಬಿಡಿಸಿದರೂ ಮೊಬೈಲ್ ಸಂದೇಶಗಳಲ್ಲಿ ಜನ ಈಗಲೂ 2 ಹಾಕುತ್ತಾರೆ.

ಇಷ್ಟು ಕುಂದಿದ್ದೂ ಜಾವಿ ಸುಲ್ತಾನರ ಪತ್ರವ್ಯವಹಾರದಿಂದ ಮಸೀದಿಯ ಪಾಠದವರೆಗೆ ಎಲ್ಲವನ್ನೂ ಹೊತ್ತಿತು. ಮಸಾಲೆ ದ್ವೀಪ ತೆರ್ನಾತೆಯ ಬಾಲಕ ಸುಲ್ತಾನ 1521-22ರಲ್ಲಿ ಪೋರ್ಚುಗಲ್ ರಾಜನಿಗೆ ಬರೆಸಿದ ಪತ್ರಗಳು ಲಿಸ್ಬನ್ನಿನಲ್ಲಿವೆ, ಉಳಿದಿರುವ ಮಲಯ್ ಪತ್ರಗಳಲ್ಲಿ ಅವೇ ಹಳೆಯವು. ಆಚೆ ರಾಜ್ಯದ ಸುಲ್ತಾನ ಇಸ್ಕಂದರ್ ಮುದಾ 1615ರಲ್ಲಿ ಇಂಗ್ಲೆಂಡಿನ ಒಂದನೇ ಜೇಮ್ಸ್‌ಗೆ ಕಳಿಸಿದ ಚಿನ್ನದ ಚಿತ್ತಾರದ ಪತ್ರ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿದೆ. ಕಲ್ಲಚ್ಚು ಬಂದ ಮೇಲೆ ಜಾವಿಗೆ ಹೊಸ ಜೀವ ಬಂತು. ಮೊಳೆ ಎರಕ ಹೊಯ್ಯುವ ಗೋಜಿಲ್ಲ, ಲಿಪಿಕಾರ ಬರೆದದ್ದು ಬರೆದ ಹಾಗೇ ಅಚ್ಚಾಗುತ್ತದೆ. ತಮಿಳು ಮತ್ತು ಅರಬ್ ಪೂರ್ವಿಕರ ಮಗನಾಗಿ ಮೆಲಕ್ಕಾದಲ್ಲಿ ಹುಟ್ಟಿದ ಮುನ್ಷಿ ಅಬ್ದುಲ್ಲಾ ಬರೆದ ಆತ್ಮಕಥೆ 'ಹಿಕಾಯತ್ ಅಬ್ದುಲ್ಲಾ' 1849ರಲ್ಲಿ ಸಿಂಗಪುರದಲ್ಲಿ ಕಲ್ಲಚ್ಚಿನಲ್ಲೇ ಹೊರಬಂತು. 1884ರ ಹೊತ್ತಿಗೆ ಮೆಕ್ಕಾದ ಸರ್ಕಾರಿ ಮುದ್ರಣಾಲಯದಲ್ಲಿ ಮಲಯ್ ಪುಸ್ತಕಗಳ ವಿಭಾಗವನ್ನು ಪಟ್ಟಾನಿ ಮೂಲದ ಅಹ್ಮದ್ ಅಲ್-ಫತಾನಿ ನೋಡಿಕೊಳ್ಳುತ್ತಿದ್ದರು. ಜಾವಿಯ ಮೊದಲ ಪತ್ರಿಕೆ ಎಲ್ಲಿಯದು ಎಂದರೆ ಸಿಂಗಪುರ ಎನ್ನುವವರೇ ಹೆಚ್ಚು, ಅಲ್ಲಿ 'ಜಾವಿ ಪೆರಾನಕನ್' ಶುರುವಾದದ್ದು 1876ರಲ್ಲಿ. ಅದಕ್ಕೂ ಏಳು ವರ್ಷ ಮೊದಲೇ ಕೊಲಂಬೊದಲ್ಲಿ 'ಆಲಮತ್ ಲಂಕಾಪುರಿ' ಹೊರಟಿತ್ತು. ಡಚ್ಚರು, ಬ್ರಿಟಿಷರು ಸಿಪಾಯಿಗಳನ್ನಾಗಿ ಸಿಂಹಳಕ್ಕೆ ಕರೆತಂದ ಮಲಯ್ ಜನರ ಪತ್ರಿಕೆ ಅದು.

ರೋಮನ್ ಅಕ್ಷರದಲ್ಲಿ ಮಲಯ್ ಬರೆಯುವ ಕೆಲಸ ಶುರು ಮಾಡಿದವರು ಮಲಯ್ ಜನರಲ್ಲ. ಮೆಗೆಲನ್ನನ ಜೊತೆ ಬಂದ ಇಟಲಿಯ ಪಿಗಾಫೆಟ್ಟಾ 1521ರಲ್ಲಿ ನಾನೂರಕ್ಕೂ ಹೆಚ್ಚು ಮಲಯ್ ಪದಗಳನ್ನು ಕಿವಿಗೆ ಬಿದ್ದ ಹಾಗೆ ಪಟ್ಟಿ ಮಾಡಿದ. 1629ರಲ್ಲಿ ಡಚ್ಚರು ಮತ್ತಾಯನ ಸುವಾರ್ತೆಯನ್ನು ರೋಮನ್ ಲಿಪಿಯ ಮಲಯ್‌ನಲ್ಲಿ ಅಚ್ಚು ಹಾಕಿಸಿದರು. ವ್ಯಾಪಾರಿ, ಪಾದ್ರಿ, ಅಧಿಕಾರಿ, ಇವರೆಲ್ಲ ತಮ್ಮ ಅನುಕೂಲಕ್ಕೆ ಮಾಡಿಕೊಂಡ ಬರಹ. ಮಲಯ್ ಮನೆಮಾತಾಗಿದ್ದ ಚೀನೀ ಮೂಲದ ಬಾಬಾ ಸಮುದಾಯದವರೂ ಬೇಗ ಇದಕ್ಕೆ ಒಲಿದರು. ಸಿಂಗಪುರದಲ್ಲಿ 1894ರಲ್ಲಿ ಅವರು ತಂದ 'ಬಿಂತಾಂಗ್ ತಿಮೋರ್' ರೂಮಿಯ ಪತ್ರಿಕೆ. ಹಳ್ಳಿಯ ಮಲಯ್ ರೈತನಿಗೆ ಆಗ ಅದು ಪರದೇಶಿಗಳ ಲಿಪಿ.

ಅದು ಊರಿನ ಲಿಪಿಯಾದದ್ದು ಸರ್ಕಾರಿ ಶಾಲೆಯಿಂದ. ಅಲ್ಲೂ ಒಂದು ಎಡವಟ್ಟಿತ್ತು. 1824ರ ಲಂಡನ್ ಒಪ್ಪಂದದಲ್ಲಿ ಬ್ರಿಟಿಷರೂ ಡಚ್ಚರೂ ಮಲಯ್ ಸೀಮೆಯನ್ನು ನಡುವೆ ಗೆರೆ ಎಳೆದು ಹಂಚಿಕೊಂಡಿದ್ದರು. ಒಂದೇ ಭಾಷೆಗೆ ಕಡಲಿನ ಆ ದಂಡೆಯಲ್ಲಿ ಡಚ್ ಕಾಗುಣಿತ, ಈ ದಂಡೆಯಲ್ಲಿ ಇಂಗ್ಲಿಷ್ ಕಾಗುಣಿತ. ಡಚ್ ಕಡೆ 1901ರಲ್ಲಿ ವಾನ್ ಒಫೌಸೆನ್ ಇಬ್ಬರು ಸುಮಾತ್ರಾ ಪಂಡಿತರ ನೆರವಿನಿಂದ ನಿಯಮ ಬರೆದ. ಬ್ರಿಟಿಷ್ ಕಡೆ 1904ರಲ್ಲಿ ವಿಲ್ಕಿನ್ಸನ್ ಬರೆದ. ಚಕಾರ ಬರೆಯಲು ಅಲ್ಲಿ ಟಿ-ಜೆ, ಇಲ್ಲಿ ಸಿ-ಎಚ್. ಉಕಾರಕ್ಕೆ ಅಲ್ಲಿ ಓ-ಇ, ಇಲ್ಲಿ ಯು. ಜಕಾರಕ್ಕೆ ಅಲ್ಲಿ ಡಿ-ಜೆ, ಇಲ್ಲಿ ಬರೀ ಜೆ. ಬರೀ ಜೆ ಬರೆದರೆ ಅಲ್ಲಿನವರು ಅದನ್ನು ಯ ಎಂದು ಓದುತ್ತಿದ್ದರು. ಎದುರು ದಂಡೆಯ ಪುಸ್ತಕ ಕೈಗೆ ಬಂದರೆ ತನ್ನದೇ ಭಾಷೆಯನ್ನು ತಡವರಿಸಿ ಓದುವ ಸ್ಥಿತಿ. ತಮಾಷೆಯೆಂದರೆ, ಹಳೆಯ ಜಾವಿಯಲ್ಲಿ ಎರಡೂ ದಂಡೆಯವರು ಒಬ್ಬರ ಬರಹವನ್ನು ಇನ್ನೊಬ್ಬರು ನಿರಾಯಾಸವಾಗಿ ಓದುತ್ತಿದ್ದರು. ಉಚ್ಚಾರಕ್ಕೆ ಹೆಚ್ಚು ನಿಷ್ಠವಾದ ಲಿಪಿ ಬಂದು ಓದುಗರನ್ನು ಬೇರೆ ಮಾಡಿತು!

ರೂಮಿಯನ್ನು ವಸಾಹತುಶಾಹಿ ಹೇರಿತು ಎಂದಷ್ಟೇ ಹೇಳಿ ಮುಗಿಸುವುದು ಸುಲಭ. ಆದರೆ ಅದನ್ನು ತಮ್ಮದಾಗಿಸಿಕೊಂಡವರು ಸ್ವಾತಂತ್ರ್ಯ ಹೋರಾಟದ ಪೀಳಿಗೆಯವರು. ಇಂಡೊನೇಷ್ಯಾದಲ್ಲಿ ನೂರಾರು ಭಾಷೆ, ಹಲವು ಧರ್ಮ, ಜಾವಾ-ಬಾಲಿಗಳಿಗೆ ತಮ್ಮದೇ ಲಿಪಿ. 1928ರಲ್ಲಿ ಯುವಕರು ಒಂದೇ ಭಾಷೆ ಎಂದು ಪ್ರಮಾಣ ಮಾಡಿದಾಗ ಯಾರ ಸೊತ್ತೂ ಅಲ್ಲದ ರೋಮನ್ ಲಿಪಿ ಅವರಿಗೆ ಅನುಕೂಲವಾಗಿಯೇ ಕಂಡಿತು. ಮಲಯದಲ್ಲಿ ಕತೆ ತುಸು ಬೇರೆ, ಅಲ್ಲಿ ಜಾವಿಗೆ ಭಾವನೆಯ ಬಲವಿತ್ತು. ಝಾಬಾ ಎಂದೇ ಹೆಸರಾದ ವೈಯಾಕರಣ ಝೈನಲ್ ಆಬಿದಿನ್ 1924ರಲ್ಲಿ ತಂಜುಂಗ್ ಮಾಲಿಮ್‌ನ ಶಿಕ್ಷಕರ ಕಾಲೇಜಿನಲ್ಲಿದ್ದುಕೊಂಡು ರೂಮಿಯ ಕಾಗುಣಿತ ತಿದ್ದಿದರು, ಅದೇ ಮನುಷ್ಯ ಜಾವಿಯ ಕಾಗುಣಿತವನ್ನೂ ತಿದ್ದಿ ಪದಪಟ್ಟಿ ಮಾಡಿದರು. ಇಂಥ ಎರಡು ದೋಣಿಯ ಮೇಲೆ ಕಾಲಿಟ್ಟವರ ಬಗ್ಗೆ ನನಗೆ ಗೌರವ. ಸಿಂಗಪುರದಲ್ಲಿ 1950ರಲ್ಲಿ ಹುಟ್ಟಿದ ಲೇಖಕರ ಬಣ 'ಅಸಾಸ್ 50' ರೂಮಿಯ ಪರ ನಿಂತಿತು. 1939ರಿಂದ ಜಾವಿಯಲ್ಲೇ ಬರುತ್ತಿದ್ದ 'ಉತುಸಾನ್ ಮೆಲಾಯು' ಪತ್ರಿಕೆಯ ಬಳಗವೇ 1967ರಲ್ಲಿ ರೂಮಿಯಲ್ಲಿ 'ಉತುಸಾನ್ ಮಲೇಷ್ಯಾ' ತಂದಿತು. ಆ ಜಾವಿ ಪತ್ರಿಕೆಯ ಸ್ಥಾಪಕರಲ್ಲೊಬ್ಬರಾದ ಯೂಸುಫ್ ಇಶಾಕ್ ಮುಂದೆ ಸಿಂಗಪುರದ ಮೊದಲ ರಾಷ್ಟ್ರಪತಿಯಾದರು, ಅಲ್ಲಿನ ನೋಟುಗಳ ಮೇಲಿರುವ ಮುಖ ಅವರದೇ. ಕೊನೆಗೆ ಮಲೇಷ್ಯಾದ 1963/67ರ ರಾಷ್ಟ್ರಭಾಷಾ ಕಾಯ್ದೆ ಹೀಗೆ ಮಾಡಿತು: ರಾಷ್ಟ್ರಭಾಷೆಯ ಲಿಪಿ ರೂಮಿ, ಆದರೆ ಜಾವಿ ಬಳಕೆಗೆ ಇದರಿಂದ ಅಡ್ಡಿಯಿಲ್ಲ. ಒಳ್ಳೆಯ ವಕೀಲನ ವಾಕ್ಯ. ಅಡ್ಡಿಯಿಲ್ಲ ಎಂದಾಗ ಯಾವುದೂ ನಿಂತುಹೋಗುವುದಿಲ್ಲ, ಆದರೆ ಪರೀಕ್ಷೆಯಲ್ಲಿ ಅಂಕ ತರದ ಲಿಪಿಯನ್ನು ಯಾವ ತಂದೆತಾಯಿ ಮಕ್ಕಳಿಗೆ ಒತ್ತಾಯಿಸಿ ಕಲಿಸುತ್ತಾರೆ?

ಎರಡು ದಂಡೆಯ ಕಾಗುಣಿತ ಒಂದಾಗಲು ಸಾಮ್ರಾಜ್ಯಗಳು ಹೋದ ಮೇಲೂ ಕಾಲ ಹಿಡಿಯಿತು. ಇಂಡೊನೇಷ್ಯಾ 1947ರಲ್ಲಿ ಓ-ಇ ಬಿಟ್ಟು ಯು ಹಿಡಿಯಿತು. 1959ರಲ್ಲಿ ಎರಡೂ ಕಡೆಯ ಪಂಡಿತರು ಕೂತು ಒಂದು ಕರಡು ಒಪ್ಪಿದರು. ಅಷ್ಟರಲ್ಲಿ ಮಲೇಷ್ಯಾದ ರಚನೆಯನ್ನು ವಿರೋಧಿಸಿ ಇಂಡೊನೇಷ್ಯಾದ ಅಧ್ಯಕ್ಷ ಸುಕರ್ಣೊ 1963ರಲ್ಲಿ ಸಂಘರ್ಷಕ್ಕಿಳಿದ, ಕರಡು ಮೂಲೆ ಸೇರಿತು. ಕೊನೆಗೆ 1972ರ ಆಗಸ್ಟ್ 16ರಂದು ಎರಡೂ ದೇಶ ಒಟ್ಟಿಗೇ ಹೊಸ ಕಾಗುಣಿತ ಘೋಷಿಸಿದವು. ಅಲ್ಲಿನವರು ಟಿ-ಜೆ ಬಿಟ್ಟರು, ಇಲ್ಲಿನವರು ಸಿ-ಎಚ್ ಬಿಟ್ಟರು, ಇಬ್ಬರೂ ಬರೀ ಸಿ ಅಕ್ಷರವನ್ನು ಚಕಾರಕ್ಕೆ ಇಟ್ಟುಕೊಂಡರು. ಅಂದಿನಿಂದ ಅವರ ಪುಸ್ತಕದಲ್ಲಿ ಚಕ್ರ ಎಂಬ ಪದ ಸಿ ಅಕ್ಷರದಿಂದ ಶುರುವಾಗುತ್ತದೆ, ಇಂಗ್ಲಿಷ್ ಕಣ್ಣಿನವರು ಕಕ್ರ ಎಂದು ಓದಿ ಪೇಚಿಗೆ ಬೀಳುತ್ತಾರೆ. ಹೆಸರುಗಳಿಗೆ ಮಾತ್ರ ವಿನಾಯಿತಿ. ಜಕಾರ್ತದ ವಿಮಾನ ನಿಲ್ದಾಣದ ಹೆಸರಿನಲ್ಲಿ ಸುಕರ್ಣೊ ಇಂದಿಗೂ ಡಚ್ಚರ ಓ-ಇ ಹೊತ್ತು ನಿಂತಿದ್ದಾನೆ, ಸರವಾಕ್‌ನ ರಾಜಧಾನಿ ಕುಚಿಂಗ್ ಬ್ರಿಟಿಷರ ಸಿ-ಎಚ್ ಬಿಟ್ಟುಕೊಟ್ಟಿಲ್ಲ.

ಜಾವಿ ಸತ್ತಿಲ್ಲ. ಬ್ರೂನೈಯಲ್ಲಿ ಬೀದಿಯ ಫಲಕ, ಅಂಗಡಿಯ ಬೋರ್ಡು, ನೋಟು ಎಲ್ಲದರಲ್ಲೂ ಅದಿದೆ. ಮಲೇಷ್ಯಾದಲ್ಲಿ ಅದು ಓದುವ ಲಿಪಿಗಿಂತ ಗುರುತಿನ ಲಿಪಿಯಾಗಿದೆ. 2019ರಲ್ಲಿ ಚೀನೀ ಮತ್ತು ತಮಿಳು ಶಾಲೆಗಳ ನಾಲ್ಕನೇ ತರಗತಿಯ ಮಲಯ್ ಪಠ್ಯದಲ್ಲಿ ಜಾವಿಯ ಅಲಂಕಾರಿಕ ಬರವಣಿಗೆಯ ಪಾಠ ಸೇರಿಸಲು ಸರ್ಕಾರ ಹೊರಟಾಗ ಗಲಾಟೆಯೆದ್ದಿತು. ಇದು ಧರ್ಮ ಹೇರುವ ಹುನ್ನಾರ ಎಂದು ಒಂದು ಕಡೆ, ನಮ್ಮ ಪರಂಪರೆಗೆ ಅವಮಾನ ಎಂದು ಇನ್ನೊಂದು ಕಡೆ. ಆರು ಪುಟವಿದ್ದದ್ದು ಮೂರಕ್ಕಿಳಿಯಿತು. ತೆರೆಂಗಾನು ಕಲ್ಲಿನಲ್ಲಿ 'ದೇವತಾ' ಎಂದು ಕೊರೆದವನಿಗೆ ಈ ಮೂರು ಪುಟದ ಜಗಳ ಅರ್ಥವಾಗುತ್ತಿತ್ತೋ ಇಲ್ಲವೋ.

ಪಟ್ಟಾನಿಯದು ಮತ್ತೊಂದು ಬಗೆಯ ಪಾಡು. ಅಲ್ಲಿನ ಮಕ್ಕಳಿಗೆ ಮನೆಯಲ್ಲಿ ಮಲಯ್, ಶಾಲೆಯಲ್ಲಿ ಥಾಯ್, ಮದರಸಾದಲ್ಲಿ ಜಾವಿ. ಥಾಯ್ ಬಾರದೆ ಹಿಂದೆ ಬೀಳುವ ಮಕ್ಕಳಿಗಾಗಿ ಮಹಿಡೋಲ್ ವಿಶ್ವವಿದ್ಯಾಲಯ ಮನೆಮಾತಿನಲ್ಲಿ ಪಾಠ ಶುರು ಮಾಡಿದಾಗ, ಮಲಯ್ ಬರೆಯಲು ಆರಿಸಿದ್ದು ಥಾಯ್ ಲಿಪಿಯನ್ನು. ಮಗು ಹೇಗೂ ಅದನ್ನೇ ಕಲಿಯಬೇಕು, ಎರಡು ಹೊರೆ ಏಕೆ ಎಂಬ ತರ್ಕ. ಜಾವಿಯನ್ನು ಎದೆಗಪ್ಪಿಕೊಂಡವರಿಗೆ ಇದು ಸಹಜವಾಗಿಯೇ ಅನುಮಾನ ತಂದಿತು. ಆ ಕಾರ್ಯಕ್ರಮಕ್ಕೆ 2016ರಲ್ಲಿ ಯುನೆಸ್ಕೋದ ಸಾಕ್ಷರತಾ ಪ್ರಶಸ್ತಿ ಬಂತು. ಥಾಯ್ ಲಿಪಿಯ ಮೂಲಪುರುಷನೂ ಪಲ್ಲವ ಲಿಪಿಯೇ, ಖಮೇರ್ ದಾರಿಯಾಗಿ ಬಂದದ್ದು.

ಇನ್ನು ರೂಮಿಯಾದರೂ ಉಚ್ಚಾರಕ್ಕೆ ಪೂರ್ತಿ ಒಗ್ಗಿದೆಯೇ ಎಂದರೆ ಅದೂ ಇಲ್ಲ. ಮಲಯ್‌ನಲ್ಲಿ ಎರಡು ಬಗೆಯ ಎಕಾರವಿದೆ: ಒಂದು ನಮ್ಮ ಎ ಇದ್ದ ಹಾಗೆ ಸ್ಪಷ್ಟ, ಇನ್ನೊಂದು ನುಂಗಿದಂಥ ಸ್ವರ. ಏಷ್ಯನ್ ಕ್ರೀಡಾಕೂಟದಲ್ಲಿ ನೋಡುತ್ತೇವಲ್ಲ, ಸೆಪಕ್ ತಕ್ರಾ, ಅದರ ಸೆಪಕ್ ಅನ್ನು ಸ್ಪಷ್ಟ ಎಕಾರದಲ್ಲಿ ಹೇಳಿದರೆ ಒದೆಯುವುದು, ನುಂಗಿ ಹೇಳಿದರೆ ಕೆನ್ನೆಗೆ ಬಾರಿಸುವುದು. ಬರೆಯುವುದು ಎರಡನ್ನೂ ಒಂದೇ ರೀತಿ. ವಿಲ್ಕಿನ್ಸನ್, ಝಾಬಾ ಇಬ್ಬರೂ ನುಂಗುವ ಎಕಾರದ ತಲೆಯ ಮೇಲೆ ಒಂದು ಗುರುತು ಇಟ್ಟಿದ್ದರು. ಟೈಪ್‌ರೈಟರಿಗೂ ಅಚ್ಚುಮೊಳೆಗೂ ಕಿರಿಕಿರಿಯಾಗಿದ್ದ ಆ ಗುರುತನ್ನು 1972ರಲ್ಲಿ ತೆಗೆದುಹಾಕಿದರು. ಸರಿಯಾಗಿ ಐವತ್ತು ವರ್ಷದ ಮೇಲೆ, 2022ರ ಆಗಸ್ಟ್ 16ರಂದು, ಇಂಡೊನೇಷ್ಯಾ ಹೊರಡಿಸಿದ ಕಾಗುಣಿತ ಕೈಪಿಡಿಯ ಐದನೇ ಆವೃತ್ತಿಯಲ್ಲಿ ಎಕಾರಗಳನ್ನು ಬೇರೆ ಮಾಡಿ ತೋರಿಸುವ ಗುರುತುಗಳಿಗೆ ಜಾಗ ಇದೆ. ಓದುಗನಿಗೆ ಗೊಂದಲವಾಗುವಂತಿದ್ದರೆ ಹಾಕಬಹುದು, ಕಡ್ಡಾಯವಿಲ್ಲ.